ತಾರಣ

ರಾತ್ರಿ ಹನ್ನೊಂದೂವರೆ. ಅಕ್ಕಲಕೋಟೆಯ ಬ್ಯಾಂಕಿನ ಮಾಳಿಗೆ.
ಕೆಳಗೆ ಐದು ಗಾಡಿ, ಐದಕ್ಕೂ ಕಪ್ಪು ಗಾಜು.
ಒಬ್ಬ ಡ್ರೈವರ್ ಮಾತ್ರ ಇಳಿದು ನಿಂತು
ಹೋದ ಚುನಾವಣೆಯ ಪೋಸ್ಟರಿನ ಮುಖಕ್ಕೆ
ಬೆನ್ನು ತಿಕ್ಕಿಕೊಳ್ಳುತ್ತಿದ್ದಾನೆ.

ಮೇಜಿನ ಮೇಲೆ ಒಂದು ಸಕ್ಕರೆ ಕಾರ್ಖಾನೆ.
ಎರಡು ಬಾಯ್ಲರು, ಒಂದು ಚಿಮಣಿ, ಸಾರಾಯಿ ಬಟ್ಟಿಯ ಪರವಾನಿಗೆ,
ನೂರಾ ಹದಿನಾಲ್ಕು ಎಕರೆ, ಒಂಬತ್ತು ಸಾವಿರ ಶೇರುದಾರರು
ಎಲ್ಲ ಸೇರಿ ನಲವತ್ತೊಂದು ಹಾಳೆ, ಒಂದು ಕೆಂಪು ದಾರ.
ಹತ್ತು ಸಹಿ ಹಗಲೇ ಬಿದ್ದಿವೆ, ಒಂದೊಂದು ಮನೆಯಲ್ಲಿ ಒಂದೊಂದು.
ಉಳಿದ ಹತ್ತು ಮಂದಿ ಫೋನು ಎತ್ತುತ್ತಿಲ್ಲ.
ಬೇಕಾದದ್ದು ಹನ್ನೊಂದನೆಯದು, ಈ ರಾತ್ರಿಯೇ;
ಬೆಳಗಾದರೆ ಚುನಾವಣಾ ನೀತಿಸಂಹಿತೆ.

ಪುಣೆಯ ಮೂವರು ಕುರ್ಚಿಯಲ್ಲಿ.
ಸಾಹೇಬರು ಮುಂಬೈಯಲ್ಲಿ, ಫೋನಿನೊಳಗೆ,
ಸ್ಪೀಕರಿನಲ್ಲಿ ಬರೀ ಉಸಿರು.

ನಾನು ಭಾಷಾಂತರದವ.
ಕೋರ್ಟಿನೆದುರು ಬೇವಿನಡಿ ನನ್ನ ಟೈಪ್ ಮಷೀನು.
ಮರಾಠಿಯಲ್ಲಿ ಬೆದರಿಸಿದ್ದನ್ನು ಕನ್ನಡಕ್ಕೆ,
ಕನ್ನಡದಲ್ಲಿ ಅತ್ತದ್ದನ್ನು ಮರಾಠಿಗೆ,
ಹಾಳೆಗೆ ನಲವತ್ತು ರೂಪಾಯಿ.
ಇವತ್ತು ಒಂದು ಶಬ್ದಕ್ಕೆ ಎರಡು ಲಕ್ಷ.

ತಾರಣ.
ಅವರಲ್ಲಿ ಅದು ಒತ್ತೆ, ಸಾಲಕ್ಕೆ ಒಡ್ಡಿದ ಕುತ್ತಿಗೆ.
ನಮ್ಮಲ್ಲಿ ದಾಟಿಸುವುದು, ದಡ ಮುಟ್ಟಿಸುವುದು,
ಪುರಾಣ ಹೇಳುವವರ ಬಾಯಲ್ಲಿ ಬರುವಂಥದು.
"ಬದಲಿಸಬೇಡ," ಅಂದಿದ್ದ ವಕೀಲ ದಾಮಲೆ,
"ಲಿಪಿ ಬದಲಿಸು, ಸಾಕು.
ಸುಳ್ಳು ಹೇಳಿದೆ ಅಂತ ಯಾವ ಕೋರ್ಟೂ ಅನ್ನಲಾರದು."

ಹೆಂಗಸರಿಗೆ ಮೀಸಲಾದ ಕುರ್ಚಿಯ ತುದಿಯಲ್ಲಿ
ನೀಲಗಂಗವ್ವ ಬಿರಾಜದಾರ.
ಕನ್ನಡ ನಾಲ್ಕನೆಯ ಇಯತ್ತೆ, ಮರಾಠಿ ಸಂತೆಗೆ ಸಾಕಾಗುವಷ್ಟು.
ನಾನು ಓದಿದೆ, ಗಂಟಲು ಸರಿಮಾಡಿಕೊಂಡು:
'ಕಾರ್ಖಾನೆಯ ತಾರಣಕ್ಕೆ ನನ್ನ ಸಮ್ಮತಿ ಇದೆ.'

ಅವಳು ಮೇಲಿನ ಪಂಖಾ ನೋಡಿದಳು.
ಆಮೇಲೆ ನನ್ನನ್ನು.
"ಈ ಬ್ಯಾಂಕಿನ ಮೆಟ್ಟಲ ನನಗ ಗೊತ್ತದಾವೋ, ತಮ್ಮಾ.
ನನ್ನ ಬೋರಮಾಳ ಇಲ್ಲೇ ತಾರಣ ಇಟ್ಟಿದ್ದೆ, ಸೊಸಿ ಬಾಣಂತನಕ್ಕ.
ಯಾವ ದಂಡಿಗೆ ದಾಟಿ ಹೋತೋ ಏನೋ,
ತಿರುಗಿ ಬರಲಿಲ್ಲ."

ಪುಣೆಯವರು ನನ್ನ ಕಡೆ: ಏನಂತಾರೆ ಬಾಯಿ?
"ಪೆನ್ನು ಕೇಳುತ್ತಿದ್ದಾರೆ," ಅಂದೆ.

ಪೆನ್ನು ಕೊಟ್ಟರು. ಬಂಗಾರದ ಟೋಪಿಯದು.
ಅವಳು ಬರೆದಳು. ನಿಧಾನ, ಹೊಲಿಗೆ ಹಾಕಿದ ಹಾಗೆ,
ಒತ್ತಕ್ಷರ ಒಂದೊಂದನ್ನೂ ಎಳೆದು ಬಿಗಿದು,
ಮೂರು ಪ್ರತಿಗೂ ಮೂರು ಸಲ:
ಇದು ಒತ್ತೆ. ನನ್ನ ಒಪ್ಪಿಗೆ ಇಲ್ಲ.
ಅದರ ಕೆಳಗೆ ಹೆಸರು.

"ಸಹಿ ಇಷ್ಟುದ್ದವೇ?" ದಾಮಲೆ ಕನ್ನಡಕ ಏರಿಸಿದ.
ಫೋನಿನೊಳಗಿನ ಉಸಿರು ನಿಂತಿತು.

ಇಪ್ಪತ್ತೆರಡು ವರ್ಷ ಮಾತು ಆಚೆಯಿಂದ ಈಚೆಗೆ ಹೊತ್ತವನು ನಾನು,
ಒಂದು ಸಲವಾದರೂ ಅದರ ಭಾರ ಕೇಳಿದವನಲ್ಲ.
"ಗಂಡನ ಹೆಸರು, ಅಪ್ಪನ ಹೆಸರು, ಊರು," ಅಂದೆ,
"ನಮ್ಮ ಕಡೆ ಹೆಂಗಸರು ಎಲ್ಲ ಕೂಡಿಸಿಯೇ ಬರೆಯುತ್ತಾರೆ."

ಝಾಲಂ? ಕೇಳಿತು ಫೋನು.
ಝಾಲಂ, ಅಂದರು ಮೂವರೂ.
ಪೇಢೆಯ ಡಬ್ಬಿ ತೆರೆಯಿತು.

ಐದು ಗಾಡಿ ಸೋಲಾಪುರದ ದಾರಿ ಹಿಡಿದವು.
ಅವುಗಳಲ್ಲೊಂದರ ಸೀಟಿನ ಮೇಲೆ ಮೂರು ಪ್ರತಿ,
ಪ್ರತಿ ಪ್ರತಿಯಲ್ಲೂ ಒಂದು ಸಾಲು
ಓದುವವರು ಸಿಗುವ ತನಕ ಸುಮ್ಮನೆ ಕೂತು.

ಮೆಟ್ಟಿಲಲ್ಲಿ ಅವಳು ಕೇಳಿದಳು, "ನಿನಗ ಎಷ್ಟ ಕೊಟ್ಟಾರ?"
ಎರಡು ಬೆರಳು ತೋರಿಸಿದೆ.
"ಒಂದ ಶಬ್ದಕ್ಕ ಭಾಳಾತು," ಅಂದು
ಸೆರಗು ಹೊದ್ದು ಕತ್ತಲೆಗಿಳಿದಳು.

ಲಕೋಟೆ ಇನ್ನೂ ನನ್ನ ಕಿಸೆಯಲ್ಲಿದೆ.
ಹಿಂದಕ್ಕೆ ಕೊಡಲಿಲ್ಲ. ಅದನ್ನೂ ಹೇಳಿಬಿಟ್ಟೆ.
ಯಾವ ಭಾಷೆಯಲ್ಲಿ ಬೇಕಾದರೂ
ಬರೆದುಕೊಳ್ಳಿ.